ಅಕ್ಕನ ಮಾತು ಬರೆದುಕೊಂಡವನು

ನನ್ನ ಗೆಳೆಯ ತೀರಿಕೊಂಡ ಮರುದಿನ ಪತ್ರಿಕೆಯ ಒಳಪುಟದಲ್ಲಿ ಏಳು ಸಾಲಿನ ಸುದ್ದಿ ಬಂದಿತ್ತು. ಒಂದು ಕಾಲದಲ್ಲಿ ಎಲ್ಲರೂ ನೋಡುತ್ತಿದ್ದ ಹಾಸ್ಯ ಧಾರಾವಾಹಿಗೆ ಸಂಭಾಷಣೆ ಬರೆದವರು, ಅನಾರೋಗ್ಯದ ಕಾರಣ ಬರವಣಿಗೆ ನಿಲ್ಲಿಸಿದ್ದರು ಎಂದು ಅದರಲ್ಲಿತ್ತು. ಅನಾರೋಗ್ಯವೇನೋ ನಿಜ, ಆದರೆ ಅದು ಅವನದಲ್ಲ. ಅವನು ಬರೆಯುವುದನ್ನು ನಿಲ್ಲಿಸಿದ್ದು ನಲವತ್ತಾರನೆಯ ವಯಸ್ಸಿನಲ್ಲಿ, ಗುಂಡುಕಲ್ಲಿನ ಹಾಗೆ ಇದ್ದಾಗ. ನಿಲ್ಲಿಸಿದ್ದು ಅವನ ಅಕ್ಕ ಆಡಿದ ಒಂದು ಮಾತಿನಿಂದಾಗಿ. ಅದಾದ ಮೇಲಿನ ಹನ್ನೊಂದು ವರ್ಷ ಅವನಿಗೆ ಬೇಕಾಗಿದ್ದದ್ದು ಒಂದೇ: ಯಾರಾದರೂ ಏನಾದರೂ ಹೇಳಿದರೆ ಅವರು ಹೇಳಿದ್ದು ತನಗೆ ಕೇಳಿಸಬೇಕು. ತಮಾಷೆಯಾಗಿ ಅಲ್ಲ, ಅವರು ಹೇಳಿದ ಹಾಗೆ. ಅದಕ್ಕಾಗಿ ಅವನು ತನ್ನ ಕೆಲಸ ಬಿಟ್ಟ, ನಗುವುದನ್ನು ಬಿಟ್ಟ. ಅದನ್ನೆಲ್ಲ ಹತ್ತಿರದಿಂದ ನೋಡಿದವನು ನಾನೊಬ್ಬನೇ ಉಳಿದಿರುವುದರಿಂದ ಬರೆಯುತ್ತಿದ್ದೇನೆ.

ಅವನನ್ನು ನಾವೆಲ್ಲ ಚೀಟಿ ಎನ್ನುತ್ತಿದ್ದೆವು. ಇಪ್ಪತ್ತೆರಡನೆಯ ವಯಸ್ಸಿನಲ್ಲಿ ನಾವಿಬ್ಬರೂ ಒಂದು ಮುದ್ರಣಾಲಯಕ್ಕೆ ಕರಡು ತಿದ್ದುವ ಕೆಲಸಕ್ಕೆ ಸೇರಿದೆವು. ನಮ್ಮ ಕೋಣೆ ನೆಲಮಾಳಿಗೆಯಲ್ಲಿತ್ತು. ಮೇಲೆ ಯಂತ್ರ ಓಡಲು ಶುರುವಾದರೆ ನಮ್ಮ ಮೇಜಿನ ಮೇಲಿದ್ದ ಟೀ ಲೋಟ ತನ್ನಷ್ಟಕ್ಕೆ ತಾನು ಅಂಚಿನ ಕಡೆ ಹೊರಡುತ್ತಿತ್ತು. ನಾನು ತಿದ್ದುವ ನೆಪದಲ್ಲಿ ಪುಸ್ತಕಗಳನ್ನು ಓದುತ್ತಿದ್ದೆ. ಅವನು ಓದುತ್ತಿರಲಿಲ್ಲ. ಕಣ್ಣು ಅಕ್ಷರದ ಮೇಲೆ, ಕಿವಿ ಪಕ್ಕದ ಕೋಣೆಯಲ್ಲಿ ಹಾಳೆ ಮಡಿಸುತ್ತಿದ್ದ ಹೆಂಗಸರ ಮಾತಿನ ಮೇಲೆ. ಅಲ್ಲಿಂದ ಒಂದು ಒಳ್ಳೆಯ ಮಾತು ತೇಲಿಬಂದರೆ ಅವನ ಬಲಗೈ ಅಂಗಿಯ ಜೇಬಿಗೆ ಹೋಗುತ್ತಿತ್ತು. ಜೇಬಿನಲ್ಲಿ ಕಂದು ಕಾಗದದ ಸಣ್ಣ ಚೀಟಿಗಳು, ಒಂದು ಮೋಟು ಪೆನ್ಸಿಲ್.

ಆ ಕಾಗದ ಅಕ್ಕನದು. ಅವಳು ಶಾಲೆಯ ಸಮವಸ್ತ್ರ ಹೊಲಿಯುತ್ತಿದ್ದಳು. ಅಳತೆಗೆ ಕತ್ತರಿಸಿ ಉಳಿದ ಕಾಗದದ ಚೂರುಗಳನ್ನು ಅವನಿಗಾಗಿ ಒಂದು ಡಬ್ಬಿಯಲ್ಲಿ ಎತ್ತಿಡುತ್ತಿದ್ದಳು. ಅವನಿಗೆ ನಾಲ್ಕು ವರ್ಷವಾಗಿದ್ದಾಗ ಅಮ್ಮ ಹೋದರು, ಅಕ್ಕನಿಗೆ ಆಗ ಹದಿನೆಂಟು. ಲಾರಿ ಓಡಿಸುತ್ತಿದ್ದ ಅಪ್ಪ ವರ್ಷಕ್ಕೆ ಎರಡು ಸಲ ಬರುತ್ತಿದ್ದರು, ಆಮೇಲೆ ಅದೂ ನಿಂತಿತು. ಎರಡು ಕೋಣೆಯ ಮನೆ. ಮುಂದಿನ ಕೋಣೆಯೇ ಅಂಗಡಿ. ಕಿಟಕಿಯ ಪಕ್ಕ ಹೊಲಿಗೆ ಯಂತ್ರ, ಗೋಡೆಗೆ ಮೊಳೆ ಹೊಡೆದು ಸಾಲಾಗಿ ತೂಗುಹಾಕಿದ ನೀಲಿ ಚಡ್ಡಿಗಳು.

ನಾನು ಮೊದಲ ಸಲ ಹೋದಾಗ ಅಕ್ಕ ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿ ತಮ್ಮನಿಗೆ ಹೇಳಿದಳು:

"ನಿನ್ನ ಸ್ನೇಹಿತನ ಅಂಗಿ ಯಾರೋ ಸಿಟ್ಟಲ್ಲಿ ಹೊಲ್ದಿದ್ದಾರೆ ಕಣೋ."

ಅವನ ಕೈ ಜೇಬಿಗೆ ಹೋಯಿತು. ಅಕ್ಕ ತುಳಿಯುತ್ತಿದ್ದ ಕಾಲನ್ನು ನಿಲ್ಲಿಸಿ, ಚಕ್ರದ ಮೇಲೆ ಅಂಗೈ ಇಟ್ಟು ಕಾದಳು.

"ಆಯ್ತಾ?"

"ಆಯ್ತು."

ಮತ್ತೆ ಚಕ್ರ ತಿರುಗಿತು. ಆ ಮನೆಯ ಪದ್ಧತಿಯೇ ಹಾಗಿತ್ತು. ಅವಳು ಆಡುವುದು, ಅವನ ಕೈ ಜೇಬಿಗೆ ಹೋಗುವುದು, ಅವನು ಬರೆದು ಮುಗಿಸುವವರೆಗೆ ಅವಳು ನಿಲ್ಲುವುದು. ಬರೆದುಕೊಂಡು ಏನು ಮಾಡುತ್ತಾನೆ ಎಂದು ಅವಳೂ ಕೇಳಿರಲಿಲ್ಲ, ಅವನಿಗೂ ಗೊತ್ತಿರಲಿಲ್ಲ. ಅವಳ ಮಾತಿಗೆ ಅವನು ನಗುತ್ತಾನೆ, ಇನ್ನೊಮ್ಮೆ ನಗಲು ಎತ್ತಿಟ್ಟುಕೊಳ್ಳುತ್ತಾನೆ, ಅಷ್ಟೇ ಎಂದುಕೊಂಡಿದ್ದಳು.

ಪಕ್ಕದ ಮನೆಯ ಹೆಂಗಸೊಬ್ಬರ ಬಗ್ಗೆ ಅವಳು ಹೇಳಿದ್ದು ನನಗೆ ಈಗಲೂ ನೆನಪಿದೆ: "ಆಕೆ 'ಬರ್ತೀನಿ' ಅಂದು ಬಾಗಿಲಲ್ಲಿ ನಿಂತ ಮೇಲೆ ಒಂದು ಶರ್ಟು ಪೂರ್ತಿ ಹೊಲೀಬಹುದು, ಗುಂಡಿ ಸಮೇತ." ಅಳತೆ ಕೊಡಲು ಬಂದ ಶಾಲೆಯ ಹೆಡ್‌ಮಾಸ್ತರರು ಹೋದ ಮೇಲೆ: "ಕುತ್ತಿಗೆ ಅಳತೆ ತೊಗೊಳ್ಳೋಣ ಅಂತ ಹುಡುಕಿದೆ, ಸಿಗಲೇ ಇಲ್ಲ. ತಲೆ ಮುಗೀತು ಅನ್ನೋಷ್ಟರಲ್ಲಿ ಭುಜ."

ಒಮ್ಮೆ ಅವನಿಗೆ ಮದುವೆಯ ಮಾತುಕತೆ ನಡೆಯಿತು. ಹುಡುಗಿಯ ಸೋದರಮಾವ ತನ್ನ ಮನೆತನದ ದೊಡ್ಡಸ್ತಿಕೆ ಹೇಳುತ್ತಿದ್ದಾಗ ಇವನ ಕೈ ಜೇಬಿಗೆ ಹೋಗಿದೆ. ಏನು ಬರೆದುಕೊಂಡಿರಿ ಎಂದು ಅವರು ಕೇಳಿದ್ದಾರೆ. ಇವನು ತೋರಿಸಿಯೇಬಿಟ್ಟಿದ್ದಾನೆ. ಮಾತುಕತೆ ಅಲ್ಲಿಗೆ ಮುಗಿಯಿತು. ದಾರಿಯುದ್ದಕ್ಕೂ ಅಕ್ಕ ಬೈದಳಂತೆ: "ಮೊದ್ಲು ಮದುವೆ ಆಗೋ ಪೆದ್ದ, ಆಮೇಲೆ ಬರ್ಕೊಳ್ಳೋಕೆ ಜೀವಮಾನ ಇರುತ್ತೆ." ಅದನ್ನೂ ಅವನು ಬರೆದುಕೊಂಡ. ಮದುವೆ ಕೊನೆಗೂ ಆಗಲಿಲ್ಲ. ಅವನ ಮುಖ ನೋಡಿದರೆ ಅದಕ್ಕಾಗಿ ಕೊರಗಿದ ಹಾಗೂ ಇರಲಿಲ್ಲ.

ನಲವತ್ತು ತುಂಬಿದ ವರ್ಷ ಟೀವಿ ಕೆಲಸ ಸಿಕ್ಕಿತು. ನಾಟಕದ ಟಿಕೆಟು ಅಚ್ಚು ಹಾಕಿಸಲು ಮುದ್ರಣಾಲಯಕ್ಕೆ ಬರುತ್ತಿದ್ದ ನಿರ್ದೇಶಕರೊಬ್ಬರಿಗೆ ವಾರಕ್ಕೆ ಐದು ದಿನ ಬರುವ ಹಾಸ್ಯ ಧಾರಾವಾಹಿ ಮಾಡಲು ಅವಕಾಶ ಬಂದಿತ್ತು. ಒಂದು ವಠಾರ, ಅದರ ಯಜಮಾನಿ, ಬಾಡಿಗೆಗೆ ಇರುವವರು. ಬರೆಯುವವರಿಲ್ಲ. ನಾವಿಬ್ಬರೂ ಹೋದೆವು. ಕಥೆ ನನ್ನದು, ಮಾತು ಅವನದು ಎಂದು ಒಪ್ಪಂದವಾಯಿತು. ಮಾತು ಅವನದು ಎಂದರೆ ಅಕ್ಕನದು. ಹದಿನೆಂಟು ವರ್ಷದ ಚೀಟಿಗಳು ಬಟ್ಟೆ ಚೀಲದಲ್ಲಿ ಬಂದವು. ಆ ವಠಾರದ ಯಜಮಾನಿ ಬಾಯಿ ತೆರೆದರೆ ಅಕ್ಕನೇ ಮಾತಾಡುತ್ತಿದ್ದಳು.

ಸ್ಟುಡಿಯೋ ಮೊದಲು ಗೋದಾಮಾಗಿತ್ತು. ಒಳಗೆ ವಠಾರದ ಸೆಟ್, ಅದರಲ್ಲಿ ಹನ್ನೊಂದು ಮೆಟ್ಟಿಲಿನ ಒಂದು ಏಣಿಮೆಟ್ಟಿಲು, ಮೇಲೆ ಹೋದರೆ ಪ್ಲೈವುಡ್ ಹಲಗೆ. ಮಹಡಿಗೆ ಹೋಗುವ ಪಾತ್ರಧಾರಿಗಳು ಆ ಹಲಗೆಯ ಹಿಂದೆ ಮಂಡಿ ಮಡಚಿ ಕೂತು, ನಿರ್ದೇಶಕರು 'ಕಟ್' ಅನ್ನುವವರೆಗೆ ಕಾಯಬೇಕು. ಒಮ್ಮೆ ಇಬ್ಬರು ಅಲ್ಲೇ ಕೂತಿರುವುದನ್ನು ಮರೆತು ನಾವೆಲ್ಲ ಊಟಕ್ಕೆ ಹೋಗಿದ್ದೆವು. ಬೆಳಗ್ಗೆ ಹನ್ನೊಂದಕ್ಕೆ ದೃಶ್ಯಗಳು ಅಲ್ಲಿಗೆ ತಲುಪಬೇಕು, ಮುಖಕ್ಕೆ ಬಣ್ಣ ಹಚ್ಚಿಸಿಕೊಳ್ಳುತ್ತಲೇ ನಟರು ಬಾಯಿಪಾಠ ಮಾಡಬೇಕು. ನಗು ಸೇರಿಸುವುದಕ್ಕೆ ಶಬ್ದದ ಕೆಲಸದವನೊಬ್ಬನಿದ್ದ. ಅವನ ಹತ್ತಿರ ಮೂರು ನಗು ಇದ್ದವು: ಸಣ್ಣದು, ನಡುವಿನದು, ದೊಡ್ಡದು. ಪ್ರತಿ ಮಾತಿಗೂ "ಇದಕ್ಕೆ ಯಾವ್ದು ಸಾರ್?" ಎಂದು ಕೇಳುತ್ತಿದ್ದ. ದೊಡ್ಡ ನಗುವಿನಲ್ಲಿ ಯಾರೋ ಒಬ್ಬ ಎಲ್ಲರಿಗಿಂತ ಒಂದು ಕ್ಷಣ ತಡವಾಗಿ ನಗುತ್ತಿದ್ದ. ಅವನಿಗೆ ಚೀಟಿ "ಕಿವುಡಪ್ಪ" ಎಂದು ಹೆಸರಿಟ್ಟಿದ್ದ.

ಅಕ್ಕ ಸಂಜೆ ಏಳಕ್ಕೆ ಯಂತ್ರಕ್ಕೆ ಬಟ್ಟೆ ಹೊದಿಸಿ ಟೀವಿ ಮುಂದೆ ಕೂರುತ್ತಿದ್ದಳು. ತನ್ನ ಮಾತು ಊರೆಲ್ಲ ಹರಡಿದ್ದಕ್ಕೆ ಬೇಸರವಿಲ್ಲವೇ ಎಂದು ನಾನು ಕೇಳಿದ್ದೆ.

"ಬೇಸರ ಯಾಕೆ? ಇಷ್ಟು ವರ್ಷ ಗೋಡೆಗೆ ಹೇಳ್ತಿದ್ದೆ, ಚಡ್ಡಿಗಳಿಗೆ ಹೇಳ್ತಿದ್ದೆ. ಆದ್ರೆ ಆ ಯಮ್ಮ ಹೇಳೋವಾಗ ಅವಸರ ಮಾಡ್ತಾಳೆ ಕಣಪ್ಪ. ಮಾತು ಕಾಯಿಸ್ಬೇಕು, ಇಸ್ತ್ರಿ ಪೆಟ್ಟಿಗೆ ಹಾಗೆ."

ಐದನೆಯ ವರ್ಷದಲ್ಲಿ ಒಂದು ಭಾನುವಾರ ಮಧ್ಯಾಹ್ನ ನಾನೂ ಅಲ್ಲೇ ಇದ್ದೆ. ಊಟ ಮುಗಿದಿತ್ತು. ಅಕ್ಕ ಯಂತ್ರದ ಮುಂದೆ ಕೂತಳು, ಆದರೆ ತುಳಿಯಲಿಲ್ಲ. ಒಂದು ಕೈ ಹೊಟ್ಟೆಯ ಮೇಲಿತ್ತು.

"ನನ್ನ ಹೊಟ್ಟೆ ಒಳಗೆ ಯಾರೋ ಬಾಡಿಗೆಗೆ ಬಂದಿದ್ದಾರೆ ಕಣೋ. ಊಟ ಆಯ್ತು ಅಂದ್ರೆ ಸಾಕು, ಮಂಚ ಎಳೆಯೋಕೆ ಶುರು ಮಾಡ್ತಾರೆ. ಈ ಗೋಡೆಗೆ ಹಾಕೋಣ ಅಂತಾರೆ. ಸರಿಹೋಗಲ್ಲ. ಆ ಗೋಡೆಗೆ ಎಳೀತಾರೆ."

ನಾವಿಬ್ಬರೂ ಬಿದ್ದು ಬಿದ್ದು ನಕ್ಕೆವು. ಅವನ ಕೈ ಜೇಬಿಗೆ ಹೋಯಿತು. ಅಕ್ಕ ರೂಢಿಯಂತೆ ನಿಲ್ಲಿಸಿದಳು. ಅವನು ಬರೆದುಕೊಂಡ. "ಆಯ್ತಾ?" ಎಂದಳು. "ಆಯ್ತು" ಎಂದ. ಅವಳು ಮುಂದೆ ಏನೋ ಹೇಳಲು ಬಾಯಿ ತೆರೆದಿದ್ದಳು. ನಾವು ಇನ್ನೂ ನಗುತ್ತಿದ್ದುದನ್ನು ಕಂಡು ತಾನೂ ನಕ್ಕು, ಸೂಜಿಗೆ ದಾರ ಪೋಣಿಸತೊಡಗಿದಳು. ಬಾಯಿ ತೆರೆದಿದ್ದನ್ನು ನಾನು ನೋಡಿದ್ದೆ. ಏನು ಎಂದು ಕೇಳಲಿಲ್ಲ.

ಎರಡು ವಾರದ ನಂತರ ವಠಾರದ ಯಜಮಾನಿ ಆ ಮಾತನ್ನು ಹೇಳಿದಳು. ಕೊನೆಯ ಸಾಲನ್ನು ಸೇರಿಸಿದ್ದು ನಾನು: "ಖಾಲಿ ಮಾಡಿ ಅಂದ್ರೆ ನೋಟಿಸ್ ಕೊಡಿ ಅಂತಾರೆ." ಶಬ್ದದವನು ಯಾವುದು ಎಂದು ಕೇಳಲೇ ಇಲ್ಲ. ದೊಡ್ಡ ನಗುವನ್ನು ಎರಡು ಸಲ ಹಾಕಿದ.

ನಮ್ಮ ಯಾವ ಮಾತೂ ಅಷ್ಟು ದೂರ ಹೋಗಿರಲಿಲ್ಲ. ಬಸ್ಸಿನಲ್ಲಿ, ಕಚೇರಿಗಳಲ್ಲಿ, ಶಾಲೆಯ ಮೈದಾನದಲ್ಲಿ ಎಲ್ಲರ ಹೊಟ್ಟೆಯಲ್ಲೂ ಬಾಡಿಗೆದಾರರು ಮಂಚ ಎಳೆಯತೊಡಗಿದರು. ಜಾಸ್ತಿ ತಿಂದವರು ಅದನ್ನೇ ಹೇಳುವರು, ಹಸಿದವರೂ ಅದನ್ನೇ ಹೇಳುವರು.

ಅಕ್ಕ ಆ ತಿಂಗಳಲ್ಲೇ ಯಾರಿಗೂ ಹೇಳದೆ ಬೀದಿ ಕೊನೆಯ ಕ್ಲಿನಿಕ್ಕಿಗೆ ಹೋದಳು. ನಾಲ್ಕು ಕುರ್ಚಿ, ಒಂದು ಪರದೆ, ಒಬ್ಬ ವಯಸ್ಸಾದ ಡಾಕ್ಟರು. ಏನಮ್ಮಾ ತೊಂದರೆ ಎಂದು ಅವರು ಕೇಳಿದರು. ಅವಳಿಗೆ ತನ್ನ ನೋವನ್ನು ಹೇಳಲು ತಿಳಿದಿದ್ದದ್ದು ಒಂದೇ ರೀತಿ. ಊಟ ಆದ ಮೇಲೆ ಒಳಗೆ ಮಂಚ ಎಳೆದ ಹಾಗಾಗುತ್ತೆ ಡಾಕ್ಟ್ರೇ, ಎಂದಳು. ಡಾಕ್ಟರು ಕನ್ನಡಕ ತೆಗೆದು ನಕ್ಕರು. "ನೀವೂ ಆ ಸೀರಿಯಲ್ ನೋಡ್ತೀರಾ? ಈ ವಾರ ನೀವು ಆರನೆಯವರು." ಹೊಟ್ಟೆ ಮುಟ್ಟಿ ನೋಡದೆ ಗ್ಯಾಸಿನ ಮಾತ್ರೆ ಬರೆದುಕೊಟ್ಟರು.

ಅವಳಿಗೆ ಬೇಜಾರಾಗಲಿಲ್ಲ. ಅದು ತನ್ನ ಮಾತೇ ಎಂದು ಹೇಳಲೂ ಇಲ್ಲ. ಮನೆಗೆ ಬಂದು ತಮ್ಮನಿಗೆ ಸಂಭ್ರಮದಿಂದ ಹೇಳಿದಳು: "ಡಾಕ್ಟ್ರೂ ನಿನ್ನ ಸೀರಿಯಲ್ ನೋಡ್ತಾರೆ ಕಣೋ. ಕನ್ನಡಕ ತೆಗೆದು ನಕ್ಕರು." ನೀನು ಡಾಕ್ಟರ ಹತ್ತಿರ ಯಾಕೆ ಹೋಗಿದ್ದೆ ಎಂದು ಅವನು ಕೇಳಲಿಲ್ಲ. ಕನ್ನಡಕ ತೆಗೆದು ನಗುವ ಡಾಕ್ಟರನ್ನು ಬರೆದುಕೊಂಡ. ಮುಂದಿನ ತಿಂಗಳು ಧಾರಾವಾಹಿಯಲ್ಲಿ ಅಂಥ ಒಬ್ಬ ಡಾಕ್ಟರು ಬಂದರು.

ಐದು ತಿಂಗಳ ನಂತರ ಶಾಲೆ ಶುರುವಾಗುವ ಮುಂಚಿನ ವಾರದಲ್ಲಿ, ನೀಲಿ ಬಟ್ಟೆಯ ರಾಶಿಯ ಮೇಲೆ ಅವಳು ಕುಸಿದಳು. ಊರ ದೊಡ್ಡ ಆಸ್ಪತ್ರೆಗೆ ಕರೆದೊಯ್ದೆವು. ಪರೀಕ್ಷೆಗಳೆಲ್ಲ ಆದ ಮೇಲೆ ಅಲ್ಲಿಯ ತಜ್ಞರು ಹಾಸಿಗೆಯ ಪಕ್ಕ ನಿಂತು ಕೇಳಿದರು.

"ಈ ನೋವು ಎಷ್ಟು ದಿನದಿಂದ ಇದೆ ಅಮ್ಮಾ?"

ಅಕ್ಕ ಸ್ವಲ್ಪ ಯೋಚಿಸಿ ತಮ್ಮನ ಕಡೆ ತಿರುಗಿದಳು.

"ಆ ಮಂಚದ ಎಪಿಸೋಡ್ ಬಂದು ಎಷ್ಟು ದಿನ ಆಯ್ತೋ? ಅದಕ್ಕಿಂತ ಒಂದು ತಿಂಗಳು ಮುಂಚೆ ಅಂತ ಬರ್ಕೊಳ್ಳಿ ಡಾಕ್ಟ್ರೇ."

ತಜ್ಞರಿಗೆ ಅರ್ಥವಾಗಲಿಲ್ಲ. ಅವನಿಗೆ ಆಯಿತು. ಮುಖದಿಂದ ರಕ್ತ ಇಳಿದುಹೋಗುವುದನ್ನು ನಾನು ಪುಸ್ತಕಗಳಲ್ಲಿ ಓದಿದ್ದೆ. ಅವತ್ತು ನೋಡಿದೆ. ಹೊರಗೆ ಕಾರಿಡಾರಿನಲ್ಲಿ ತಜ್ಞರು ನಮಗಿಬ್ಬರಿಗೆ ಹೇಳಿದರು, ಆರು ತಿಂಗಳು ಮುಂಚೆ ಬಂದಿದ್ದರೆ ಏನಾದರೂ ಮಾಡಬಹುದಿತ್ತು, ಈಗ ನೋವಾಗದ ಹಾಗೆ ನೋಡಿಕೊಳ್ಳೋಣ ಎಂದು.

ಅವಳು ಅಲ್ಲಿ ಹತ್ತೊಂಬತ್ತು ದಿನ ಇದ್ದಳು. ಬಾಯಿ ಮಾತ್ರ ಸುಮ್ಮನಿರಲಿಲ್ಲ. ನನ್ನನ್ನು ಕಂಡ ಕೂಡಲೇ ಹೇಳಿದಳು: "ಬಾರಪ್ಪ ಕಥೆಗಾರ. ನೀನು ಬರೆದೆ, ಬಾಡಿಗೆಯವರಿಗೆ ನೋಟಿಸ್ ಅಂತ. ಅವರು ಗಟ್ಟಿಗರು. ನೋಟಿಸ್ ನಂಗೇ ಕೊಟ್ರು ನೋಡು." ನಾನು ನಗಲು ಹೋದೆ, ಗೆಳೆಯನ ಮುಖ ನೋಡಿ ನಿಲ್ಲಿಸಿದೆ. ಅವನು ಎರಡೂ ಕೈಗಳನ್ನು ಮಂಡಿಯ ಮೇಲೆ ಇಟ್ಟುಕೊಂಡು, ಪರೀಕ್ಷೆಗೆ ಕೂತ ಹುಡುಗನ ಹಾಗೆ ಅವಳನ್ನೇ ನೋಡುತ್ತಿದ್ದ.

"ಏನೋ, ಜೇಬಲ್ಲಿ ಚೀಟಿ ಇಲ್ವಾ?" ಎಂದಳು ಅಕ್ಕ.

"ಇದೆ."

"ಮತ್ತೆ?"

"ಅಕ್ಕ, ನೋವು ಎಲ್ಲಿದೆ ಹೇಳು."

"ಅದನ್ನ ಡಾಕ್ಟ್ರಿಗೆ ಹೇಳ್ತೀನಿ. ಅವರಿಗೆ ಅದೇ ಕೆಲಸ. ನೀನು ಇದನ್ನ ಬರ್ಕೋ."

ಅವನು ಬರೆದುಕೊಳ್ಳಲಿಲ್ಲ, ನಗಲೂ ಇಲ್ಲ. ಅವಳು ಏನು ಹೇಳಿದರೂ ಎಲ್ಲಿ, ಎಷ್ಟು, ಯಾವಾಗಿನಿಂದ ಎಂದು ಕೇಳುತ್ತಿದ್ದ. ಅವಳು ಮಾತಾಡಿ, ಎಂದಿನಂತೆ ಒಂದು ಕ್ಷಣ ನಿಂತು ಅವನ ಕೈ ನೋಡುತ್ತಿದ್ದಳು. ಕೈ ಮಂಡಿ ಬಿಟ್ಟು ಏಳುತ್ತಿರಲಿಲ್ಲ. ಹದಿನೈದನೆಯ ದಿನದ ಹೊತ್ತಿಗೆ ಅವಳ ಮಾತು ಕಡಿಮೆಯಾಯಿತು. ಅವನು ಔಷಧಿ ತರಲು ಕೆಳಗೆ ಹೋಗಿದ್ದಾಗ ನನಗೆ ಹೇಳಿದಳು: "ನನ್ನ ಮಾತು ಸಪ್ಪೆ ಆಗೋಯ್ತು ಅಂತ ಕಾಣುತ್ತೆ ಕಣಪ್ಪ. ಅವನಿಗೆ ನಗು ಬರ್ತಾ ಇಲ್ಲ."

ನಾನು ಮೆಟ್ಟಿಲಲ್ಲಿ ಅವನನ್ನು ತಡೆದು ನಿಲ್ಲಿಸಿದೆ. "ಬರ್ಕೊಳ್ಳೋ ಹಾಗೆ ಮಾಡೋ. ಸುಮ್ನೆ ಗೀಚು. ಒಂದ್ಸಲ ನಗು. ಅವಳಿಗೆ ಅದೇ ಬೇಕಾಗಿರೋದು."

"ಆಗಲ್ಲ ಕಣೋ," ಎಂದ. "ನಕ್ಕರೆ ನಂಗೆ ಕೇಳಿಸಲ್ಲ. ಅವತ್ತು ಕೇಳಿಸ್ಲಿಲ್ಲ ಅಲ್ವಾ? ಎದುರಿಗೇ ಕೂತಿದ್ದೆ. ಹೊಟ್ಟೆ ಮೇಲೆ ಕೈ ಇಟ್ಕೊಂಡಿದ್ಲು. ಕಾಣಿಸ್ತು, ಕೇಳಿಸ್ಲಿಲ್ಲ. ಇನ್ನೊಂದ್ಸಲ ಹಾಗಾದ್ರೆ?"

ಇನ್ನೊಂದು ಸಲ ಆಗುವುದಕ್ಕೆ ಏನೂ ಉಳಿದಿರಲಿಲ್ಲ. ಅಕ್ಕ ಹತ್ತೊಂಬತ್ತನೆಯ ದಿನ ಮಧ್ಯಾಹ್ನ ಹೋದಳು. ಕೊನೆಯ ಎರಡು ದಿನ ಅವಳು ಏನೂ ಆಡಿರಲಿಲ್ಲ.

ಅವನು ನಾಲ್ಕು ತಿಂಗಳು ಸ್ಟುಡಿಯೋಗೆ ಬಂದ. ಒಂದು ದಿನ ಮೂಲೆಯಲ್ಲಿ ನಟನೊಬ್ಬ "ತಲೆ ಸಿಡಿದು ಹೋಗ್ತಿದೆ, ಒಳಗೆ ಯಾರೋ ಕಲ್ಲು ಒಡೀತಿದ್ದಾರೆ" ಎನ್ನುತ್ತಿದ್ದ. ಇವನು ಓಡಿ ಹೋಗಿ ಅವನ ಹಣೆ ಮುಟ್ಟಿ, ಯಾವ ಕಡೆ, ವಾಂತಿ ಬರುತ್ತಿದೆಯಾ ಎಂದೆಲ್ಲ ಕೇಳತೊಡಗಿದ. ಆ ನಟ ಕಕ್ಕಾಬಿಕ್ಕಿಯಾಗಿ ಕೈಯಲ್ಲಿದ್ದ ಹಾಳೆ ತೋರಿಸಿದ. "ಸಾರ್, ಡೈಲಾಗು. ನೀವೇ ಬರ್ದಿರೋದು." ಎಲ್ಲರೂ ನಕ್ಕರು. ಅವನು ಆ ಹಾಳೆ ತೆಗೆದುಕೊಂಡು ಸಾಲನ್ನು ಹೊಡೆದುಹಾಕಿದ. ಆಮೇಲೆ ದಿನವೂ ಅದೇ. ಬರೆದ ಮಾತನ್ನೆಲ್ಲ ಮತ್ತೆ ಓದಿ, ಈ ಪಾತ್ರಕ್ಕೆ ಏನಾಗಿದೆ, ಡಾಕ್ಟರು ಯಾರಾದರೂ ನೋಡಿದರಾ ಎಂದು ಯೋಚಿಸುತ್ತಿದ್ದ. ದೃಶ್ಯಗಳು ಅರ್ಧ ಪುಟಕ್ಕೆ ಇಳಿದವು. ನಿರ್ದೇಶಕರು ಸಭ್ಯರು, ಆದರೂ ಎಷ್ಟು ದಿನ ತಡೆದಾರು.

"ಚೀಟಿ, ಇದು ಕಾಮಿಡಿ ಕಣಯ್ಯ. ಇದರಲ್ಲಿ ಯಾರಿಗೂ ಏನೂ ಆಗಿರಲ್ಲ."

"ಅದೇ ಸಾರ್," ಎಂದ ಅವನು. "ಆಗಿರುತ್ತೆ."

ಮರುದಿನದಿಂದ ಬರಲಿಲ್ಲ. ನಾನೊಬ್ಬನೇ ಹನ್ನೊಂದು ತಿಂಗಳು ಎಳೆದೆ. ಯಜಮಾನಿ ಪುಸ್ತಕದ ಹಾಗೆ ಮಾತಾಡತೊಡಗಿದಳು. ಜನ ಬೇರೆ ಚಾನೆಲ್ಲಿಗೆ ಹೋದರು.

ಅವನು ಅಕ್ಕ ತೀರಿಕೊಂಡ ಅದೇ ಆಸ್ಪತ್ರೆಯಲ್ಲಿ ಕೆಲಸ ಹುಡುಕಿಕೊಂಡ. ಹೊರರೋಗಿಗಳ ಕಿಟಕಿಯಲ್ಲಿ ಕೂತು ಹೆಸರು, ವಯಸ್ಸು, ತೊಂದರೆ ಬರೆದುಕೊಡುವ ಕೆಲಸ. ಉಳಿದ ಗುಮಾಸ್ತರು 'ಹೊಟ್ಟೆನೋವು', 'ಕೆಮ್ಮು' ಎಂದು ಬರೆದು ಮುಂದಿನವರನ್ನು ಕರೆಯುತ್ತಿದ್ದರು. ಅವನು ಅವರು ಹೇಳಿದ್ದನ್ನು ಹೇಳಿದ ಹಾಗೆಯೇ ಬರೆಯುತ್ತಿದ್ದ. 'ಎದೆಯ ಮೇಲೆ ಎಮ್ಮೆ ಮಲಗಿದ ಹಾಗೆ, ಎದ್ದು ನಿಂತರೆ ಎಮ್ಮೆಯೂ ಏಳುತ್ತದೆ, ಮೂರು ದಿನದಿಂದ.' ಬರೆಯುವಾಗ ಅವನ ತುಟಿ ಒಂದಿಷ್ಟೂ ಅಲುಗುತ್ತಿರಲಿಲ್ಲ. ಅವನ ಕಿಟಕಿಯ ಸಾಲು ಹೊರಗಿನ ಗೇಟಿನವರೆಗೆ ಬೆಳೆಯುತ್ತಿತ್ತು. ಗೊಣಗುತ್ತಿದ್ದ ಡಾಕ್ಟರುಗಳೂ ಆಮೇಲೆ ಸುಮ್ಮನಾದರು. ಹತ್ತು ವರ್ಷ ಅಲ್ಲಿ ಕೂತ.

ಭಾನುವಾರ ನನ್ನ ಮನೆಗೆ ಬರುತ್ತಿದ್ದ. ನಗಿಸಲು ನಾನು ಪಟ್ಟ ಪಾಡು ಅಷ್ಟಿಷ್ಟಲ್ಲ. ವಾರವಿಡೀ ಕೂಡಿಸಿಟ್ಟ ಮಾತುಗಳನ್ನು ಹೇಳುತ್ತಿದ್ದೆ. ಅವನು ತಲೆ ವಾಲಿಸಿ ಪೂರ್ತಿ ಕೇಳಿಸಿಕೊಂಡು, "ಅವರು ಈಗ ಹೇಗಿದ್ದಾರೆ?" ಎನ್ನುತ್ತಿದ್ದ. ನನ್ನ ಹೆಂಡತಿ ಒಮ್ಮೆ ಹೇಳಿದಳು: "ನಿಮ್ಮ ಸ್ನೇಹಿತರ ಮುಂದೆ ಆಕಳಿಸೋಕೂ ಭಯ ಆಗುತ್ತೆ, ಎಲ್ಲಿ ಅಡ್ಮಿಟ್ ಮಾಡಿಸ್ತಾರೋ ಅಂತ." ಅವನಿಗೆ ಅದನ್ನು ಹೇಳಿದೆ. ನಿದ್ದೆ ಸರಿಯಾಗಿ ಬರುತ್ತಿದೆಯಾ ಅವರಿಗೆ, ಎಂದ.

ಹೋದ ವರ್ಷ ಅವನ ಹೃದಯ ದುರ್ಬಲವಾಗಿ ಎದೆಯಲ್ಲಿ ನೀರು ತುಂಬಿಕೊಳ್ಳತೊಡಗಿತು. ಎರಡು ಸಲ ಅದೇ ಆಸ್ಪತ್ರೆಯ ಮಹಡಿಯ ವಾರ್ಡಿಗೆ ಹೋಗಿ ಬಂದ. ಮೂರನೆಯ ಸಲ ಅವನನ್ನು ನೋಡಿಕೊಳ್ಳುತ್ತಿದ್ದವರು ಐವತ್ತು ದಾಟಿದ, ದೊಡ್ಡ ದನಿಯ ನರ್ಸ್ ಒಬ್ಬರು. ಅವರ ನಗು ವಾರ್ಡಿನ ಆ ತುದಿಯಿಂದ ಈ ತುದಿಗೆ ಕೇಳುತ್ತಿತ್ತು. ಒಂದು ಬೆಳಿಗ್ಗೆ ನಾನು ಪಕ್ಕದ ಸ್ಟೂಲಿನ ಮೇಲೆ ಕೂತಿದ್ದಾಗ ಅವರು ಬಂದು ಹೇಗಿದ್ದೀರಿ ಎಂದರು. ಅವನು ಉಸಿರು ಕೂಡಿಸಿಕೊಂಡು ಹೇಳಿದ:

"ಎದೆ ಒಳಗೆ ಯಾರೋ ಬಟ್ಟೆ ಒಗೀತಿದ್ದಾರೆ ಸಿಸ್ಟರ್. ಒಗೀಲಿ, ಬೇಡ ಅನ್ನಲ್ಲ. ಆದ್ರೆ ಹಿಂಡಿ ಒಣಗಿ ಹಾಕ್ಬೇಕೋ ಬೇಡ್ವೋ?"

ಹನ್ನೊಂದು ವರ್ಷದಲ್ಲಿ ಅವನ ಬಾಯಿಂದ ಅಂಥ ಮಾತು ಬಂದಿರಲಿಲ್ಲ. ನಾನು ನಗಲಿಲ್ಲ. ಅವನಿಂದಲೇ ಕಲಿತದ್ದು, ಎದ್ದು ನಿಂತು "ಎಲ್ಲಿ ನೋವು?" ಎಂದೆ. ನರ್ಸ್ ಮಾತ್ರ ಮಂಚದ ಕಂಬಿ ಹಿಡಿದುಕೊಂಡು ಹೊಟ್ಟೆ ತುಂಬ ನಕ್ಕರು. ನಗುತ್ತಲೇ ಒಂದು ಕೈಯಿಂದ ಹಾಸಿಗೆಯ ತಲೆ ಕಡೆ ಎತ್ತರಿಸಿದರು. ನಗುತ್ತಲೇ ಅವನ ಬೆನ್ನಿಗೆ ಸ್ಟೆತಾಸ್ಕೋಪ್ ಇಟ್ಟು ಕಣ್ಣು ಮುಚ್ಚಿದರು.

"ಯಾವಾಗಿಂದ ಒಗೀತಿದ್ದಾರೆ?"

"ಬೆಳಗ್ಗೆ ಆರಕ್ಕೆ ಶುರು ಮಾಡಿದ್ರು."

"ಎಡಗಡೆನಾ, ಬಲಗಡೆನಾ?"

"ಎಡಗಡೆ ಜಾಸ್ತಿ. ಬಲಗಡೆ ನೆನೆ ಹಾಕಿದ್ದಾರೆ."

ಅವರು ಮತ್ತೆ ನಕ್ಕರು. ನಗುತ್ತಲೇ ಹಾಳೆಯಲ್ಲಿ ಬರೆದರು, ಬಾಗಿಲಿಗೆ ಹೋಗಿ ಡಾಕ್ಟರನ್ನು ಕೂಗಿದರು, ಸೂಜಿ ಚುಚ್ಚಿದರು. ಐದು ನಿಮಿಷದಲ್ಲಿ ಎಲ್ಲ ಮುಗಿದು ಅವರು ಪಕ್ಕದ ಹಾಸಿಗೆಗೆ ಹೋದರು. ಅವನು ಅವರು ಹೋದ ಕಡೆಯನ್ನೇ ನೋಡುತ್ತಿದ್ದ.

"ನಗ್ತಾನೇ ಕೇಳಿಸ್ಕೊಂಡ್ರಲ್ಲೋ," ಎಂದ.

"ಹೂಂ."

"ಎಲ್ಲಾನೂ ಕೇಳಿಸ್ಕೊಂಡ್ರು. ಒಂದೂ ಬಿಡ್ಲಿಲ್ಲ."

ಅವನ ಕಣ್ಣಿನ ಕೊನೆಯಿಂದ ನೀರು ಇಳಿದು ಕಿವಿಯ ಕಡೆ ಹರಿಯಿತು. ಆಮೇಲೆ ಹೇಳಿದ: "ಅಕ್ಕನಿಗೂ ಹಾಗೆ ಮಾಡಬಹುದಾಗಿತ್ತು ನಾನು. ಹತ್ತೊಂಬತ್ತು ದಿನ ನನ್ನ ಮುಖ ನೋಡಿದ್ಲು. ಒಂದು ನಗು ಕೊಡ್ಲಿಲ್ಲ ಅವಳಿಗೆ."

ನಾನು ಅವನ ಕೈ ಹಿಡಿದುಕೊಂಡೆ.

"ಆಗ ಆಡಿದ್ದೆಲ್ಲ ನೆನಪಿದೆ ನಂಗೆ," ಎಂದ. "ಬರ್ಕೊಳ್ಳಲಿಲ್ವಲ್ಲ, ಹಾಗಾಗಿ ಇಲ್ಲೇ ಇವೆ. ಹೇಳ್ತೀನಿ ಕೇಳು. ಆಸ್ಪತ್ರೆ ನಿಲುವಂಗಿ ಹಾಕಿದ್ರಲ್ಲ ಮೊದಲನೇ ದಿನ? 'ಇದನ್ನ ಹೊಲ್ದವನಿಗೆ ಮನುಷ್ಯರಿಗೆ ಬೆನ್ನಿರುತ್ತೆ ಅಂತ ಯಾರೂ ಹೇಳಿಲ್ಲ' ಅಂದ್ಲು."

ಅವನು ನಕ್ಕ. ನಾನು ಆ ನಗುವನ್ನು ಮರೆತೇಬಿಟ್ಟಿದ್ದೆ. ಭುಜ ಮೊದಲು ಅಲುಗುತ್ತದೆ, ಸದ್ದು ಆಮೇಲೆ ಬರುತ್ತದೆ.

"ಡಾಕ್ಟ್ರುಗಳು ಗುಂಪಾಗಿ ಬಂದು ನೋಡಿ ಹೋಗ್ತಿದ್ರಲ್ಲ? 'ಇಷ್ಟು ಜನ ನಂಗೆ ವಯಸ್ಸಿದ್ದಾಗ ನೋಡೋಕೆ ಬರಲಿಲ್ಲ. ಈಗ ಬಂದ್ರೂ ಒಬ್ರೂ ಒಪ್ಪಿಗೆ ಅನ್ನಲ್ಲ.' ಪಕ್ಕದ ಹಾಸಿಗೆಯವಳ ಗೊರಕೆ ಕೇಳಿ, 'ನನ್ನ ಮಿಷನ್ನಿಗಿಂತ ಚೆನ್ನಾಗಿದೆ ಕಣೋ, ಒಂದ್ಸಲಾನೂ ದಾರ ತುಂಡಾಗ್ಲಿಲ್ಲ.' ಆಮೇಲೆ ಇಳಿದು ಹೋದ್ಲಲ್ಲ, ಕಡ್ಡಿ ಹಾಗೆ? 'ಹಳೇ ಬಟ್ಟೆ ಎಲ್ಲ ಈಗ ಸರಿಯಾಗಿ ಹಿಡಿಯುತ್ತೆ, ಹಾಕ್ಕೊಂಡು ಹೋಗೋಕೆ ಊರಿಲ್ಲ.'"

ಒಂದೊಂದನ್ನೂ ಹೇ‍ಳಿ, ನಿಂತು, ನಕ್ಕು, ಉಸಿರು ಎಳೆದುಕೊಂಡು ಮುಂದಿನದಕ್ಕೆ ಹೋಗುತ್ತಿದ್ದ. ನಾನೂ ನಕ್ಕೆ. ಪಕ್ಕದ ಹಾಸಿಗೆಯವರು ತಿರುಗಿ ನೋಡಿದರು, ಅಳುತ್ತಿದ್ದೇವೋ ನಗುತ್ತಿದ್ದೇವೋ ಅವರಿಗೆ ಗೊತ್ತಾಗಿರಲಾರದು. ಇಂಥವೇ ಇನ್ನೂ ಎರಡು ಹೇಳಿದ, ಏಳನೆಯದಕ್ಕೆ ಬಂದ.

"ಹದಿನಾಲ್ಕನೇ ದಿನ. ಬೆಳಗ್ಗೆ ನಾನೇ ಮುಖ ತೊಳೆಸ್ತಿದ್ದೆ. ಕನ್ನಡಿ ಕೊಡು ಅಂದ್ಲು. ಕೊಟ್ಟೆ. ಹಿಂದೆ ಮುಂದೆ ತಿರುಗಿಸಿ ನೋಡ್ಕೊಂಡ್ಲು. ಕನ್ನಡಿ ಕೆಳಗಿಟ್ಟು ನನ್ನ ನೋಡಿ..."

ಹೇಳುವ ಮೊದಲೇ ಅವನಿಗೆ ನಗು ಬಂತು. ಭುಜಗಳು ಅಲುಗಿದವು, ಸದ್ದು ಬಂತು, ಸದ್ದು ಕೆಮ್ಮಾಯಿತು, ಕೆಮ್ಮು ನಿಲ್ಲಲಿಲ್ಲ. ನರ್ಸ್ ಬಂದು ಅವನನ್ನು ಒರಗಿಸಿ ಕೂರಿಸಿದರು. "ಇವತ್ತಿಗೆ ಸಾಕು. ಮಿಕ್ಕಿದ್ದು ನಾಳೆಗಿರಲಿ," ಎಂದು ನನ್ನನ್ನು ಹೊರಡಿಸಿದರು. ಅವನು ಮಾತಾಡಲಾಗದೆ ಕೈಯೆತ್ತಿ, ನಾಳೆ ಎಂದು ಸನ್ನೆ ಮಾಡಿದ. ಕಣ್ಣು ಇನ್ನೂ ನಗುತ್ತಿತ್ತು.

ಮರುದಿನ ನಾನು ಹೋಗುವಷ್ಟರಲ್ಲಿ ಮುಖಕ್ಕೆ ಮಾಸ್ಕ್ ಹಾಕಿದ್ದರು. ಎರಡು ದಿನ ಹಾಗೇ ಇದ್ದ. ಮೂರನೆಯ ದಿನ ಹೋದ.

ಕನ್ನಡಿ ಕೆಳಗಿಟ್ಟು ಅಕ್ಕ ಏನು ಹೇಳಿದಳೋ ನನಗೆ ಗೊತ್ತಿಲ್ಲ. ಅದನ್ನು ಕೇಳಿದವನು ಅವನೊಬ್ಬನೇ. ಅವನಿಗೆ ನಗು ಬಂದ ರೀತಿ ನೋಡಿದರೆ ತುಂಬ ಒಳ್ಳೆಯ ಮಾತೇ ಇರಬೇಕು.